ಕೇದಗೆಪುರದಲ್ಲಿ ನಿಂತುಹೋದ ಸಂಜೆ

ಬಹಳ ಹಿಂದೆ, ಬೆಟ್ಟಗಳಿಗೆಲ್ಲ ಹೆಸರಿಟ್ಟು ಇನ್ನೂ ಮುಗಿದಿರದ ಕಾಲದಲ್ಲಿ, ಕೇದಗೆಪುರ ಎಂಬ ರಾಜ್ಯವಿತ್ತು. ಧವಳಾಂಗನೆಂಬ ರಾಜ ಅದನ್ನು ಆಳುತ್ತಿದ್ದ. ಅವನ ರಾಣಿ ಚಂದಲದೇವಿ. ಮದುವೆಯಾಗಿ ಎಷ್ಟೋ ವರ್ಷಗಳ ಮೇಲೆ ಆಕೆ ಬಸುರಾಗಿದ್ದಳು. ಇಡೀ ಊರು ಆ ಮಗುವಿಗಾಗಿ ಕಾಯುತ್ತಿತ್ತು.

ಅದೇ ಊರಿನಲ್ಲಿ ಬೋಪದೇವನೆಂಬ ಪಂಡಿತನಿದ್ದ. ಹೆಂಡತಿ ತೀರಿಕೊಂಡ ಮೇಲೆ ಅವನಿಗಿದ್ದದ್ದು ಎರಡೇ. ಒಂದು, ಮಗಳು ಸುಗ್ಗಲೆ. ಇನ್ನೊಂದು, ಅವನು ಬರೆಯುತ್ತಿದ್ದ ಗ್ರಂಥ. ಗ್ರಂಥದ ಹೆಸರು ಕಥಾಕಾಲತತ್ತ್ವ. ಅದರಲ್ಲಿ ಮೂರು ಭಾಗ. ಮೊದಲನೆಯದು ಕೇಳಿದ್ದರ ಭಾಗ, ಅದು ಪುರಾಣಗಳನ್ನು ಕುರಿತದ್ದು. ಎರಡನೆಯದು ಕಳೆಯುವುದರ ಭಾಗ, ಅದು ಕಾಲವನ್ನು ಕುರಿತದ್ದು. ಮೂರನೆಯದು ಇರುವುದರ ಭಾಗ.

ಮೊದಲ ಭಾಗವನ್ನು ದನಿಯೆತ್ತಿ ಓದಿದರೆ ಪುರಾಣದ ಜೀವಿಗಳು ಬಂದು ಅಂಗಳದಲ್ಲಿ ನಿಲ್ಲುತ್ತಿದ್ದವು. ತಮ್ಮ ಕತೆ ಮುಗಿಯುವ ತನಕ ಕೇಳಿ, ತಲೆಬಾಗಿ, ಹೊರಟುಹೋಗುತ್ತಿದ್ದವು. ಎರಡನೆಯ ಭಾಗವನ್ನು ಓದಿದರೆ ಎದುರಿಗಿಟ್ಟ ಬೀಜ ಮೊಳೆತು, ಹೂಬಿಟ್ಟು, ಒಣಗಿ, ಮತ್ತೆ ಬೀಜವಾಗುತ್ತಿತ್ತು. ಮೂರನೆಯ ಭಾಗದ ತಾಳೆಗರಿಗಳು ಖಾಲಿ ಇದ್ದವು. ಬೋಪದೇವ ಗರಿ ಕೊರೆಯುವ ಕಬ್ಬಿಣದ ಕಂಟ ಹಿಡಿದು ಕೂರುತ್ತಿದ್ದ, ಒಂದು ಸಾಲು ಕೊರೆಯುತ್ತಿದ್ದ, ಆ ಗರಿಯನ್ನು ಮುರಿದು ಎಸೆಯುತ್ತಿದ್ದ.

ಗರಿಗಳಿಗೆ ಮಸಿ ಹಚ್ಚಿ ಒರೆಸಿ ಅಕ್ಷರ ಕಾಣುವಂತೆ ಮಾಡುವುದು ಸುಗ್ಗಲೆಯ ಕೆಲಸ. ಒಮ್ಮೆ ಅವಳು ಕೇಳಿದಳು, “ಅಪ್ಪ, ಇದೊಂದು ಭಾಗ ಯಾಕೆ ಇಷ್ಟು ಕಾಡುತ್ತಿದೆ?”

“ಕೇಳಿದ್ದನ್ನು ಬರೆಯಬಹುದು ಮಗಳೇ. ಕಳೆಯುವುದನ್ನೂ ಬರೆಯಬಹುದು. ಇರುವುದನ್ನು ಬರೆಯಲು ಕೂತರೆ, ಬರೆಯುವಷ್ಟರಲ್ಲಿ ಅದು ಕಳೆದದ್ದಾಗಿಬಿಡುತ್ತದೆ. ಓದುವವನು ಓದುವಷ್ಟರಲ್ಲಿ ಅದು ಕೇಳಿದ್ದಾಗಿಬಿಡುತ್ತದೆ. ಹಿಡಿಯುವುದು ಹೇಗೆ?”

ಸುಗ್ಗಲೆ ಮುಂದಿನ ಗರಿಗೆ ಮಸಿ ಹಚ್ಚತೊಡಗಿದಳು.

ಹೀಗಿರುವಾಗ ಪಡುವಣ ಬೆಟ್ಟದ ಕಡೆಯಿಂದ ಒಬ್ಬ ಬಂದ. ಹೆಸರು ವಕ್ರಘೋಷ. ಮೈಮೇಲೆ ಪಂಡಿತರ ಶಾಲು, ಒಳಗೆ ಮಂತ್ರವಾದಿಯ ವಿದ್ಯೆ. ಬಹಳ ಹಳೆಯ ಮನುಷ್ಯ ಅವನು. ಬೇರೆಯವರ ಆಯುಷ್ಯವನ್ನು ಕದ್ದು ಕದ್ದು ಬದುಕಿದ್ದ, ಈಗ ಕದಿಯುವ ವಿದ್ಯೆಗಳೂ ಮುಗಿದಿದ್ದವು. ಸಾವು ತನ್ನ ಬೆನ್ನ ಹಿಂದೆಯೇ ಬರುತ್ತಿದೆಯೆಂದು ಅವನಿಗೆ ಗೊತ್ತಿತ್ತು. ಬೋಪದೇವನ ಮನೆಯಲ್ಲಿ ಅವನು ಅತಿಥಿಯಾಗಿ ಉಂಡ, ಗ್ರಂಥವನ್ನು ಕೇಳಿದ, ತಲೆದೂಗಿದ. ಊಟವಾದ ಮೇಲೆ, “ನೀವೊಮ್ಮೆ ಈ ಗೋಡೆಯ ಪಕ್ಕ ನಿಲ್ಲಿ, ಪಂಡಿತರೇ” ಅಂದ. ಬೋಪದೇವ ನಿಂತ. ವಕ್ರಘೋಷ ಅವನ ಹಣೆಗೆ ಬೂದಿ ಹಚ್ಚಿದ. ಬೋಪದೇವ ಗೋಡೆಯ ಮೇಲಿನ ಚಿತ್ರವಾಗಿಹೋದ.

ಸುಗ್ಗಲೆ ಬಾವಿಯಿಂದ ನೀರು ತಂದು ಒಳಗೆ ಬರುವ ಹೊತ್ತಿಗೆ ಅತಿಥಿ ಇರಲಿಲ್ಲ, ಗ್ರಂಥವೂ ಇರಲಿಲ್ಲ. ಗೋಡೆಯ ಮೇಲೆ, ಕೆಮ್ಮಣ್ಣು ಮತ್ತು ಸುಣ್ಣದ ಬಣ್ಣದಲ್ಲಿ, ಅವಳ ಅಪ್ಪ ಕೈಯೆತ್ತಿ ನಿಂತಿದ್ದ. ಮುಟ್ಟಿದರೆ ಗೋಡೆ ತಣ್ಣಗಿತ್ತು.

ಆ ಸಂಜೆ ಸೂರ್ಯ ಪಡುವಣ ಬೆಟ್ಟದ ಮೇಲೆ ಒಂದು ಗೇಣು ಎತ್ತರಕ್ಕೆ ಇಳಿದು, ಅಲ್ಲೇ ನಿಂತ. ಬೆಟ್ಟದ ತುದಿಯಿಂದ ಒಂದು ದನಿ ಕೇಳತೊಡಗಿತು. ವಕ್ರಘೋಷ ತನ್ನ ಕರಿಗಲ್ಲಿನ ಗೋಪುರದಲ್ಲಿ ಕುಳಿತು ಕಾಲದ ಭಾಗದ ಒಂದು ಸಾಲನ್ನು ಹಿಂದುಮುಂದಾಗಿ ಓದುತ್ತಿದ್ದ. ಮುಗಿದೊಡನೆ ಅದನ್ನೇ ಮತ್ತೆ ಓದುತ್ತಿದ್ದ. ಉಸಿರು ತಪ್ಪುತ್ತಿರಲಿಲ್ಲ, ದನಿ ನಿಲ್ಲುತ್ತಿರಲಿಲ್ಲ.

ಜನ ನಡೆಯುತ್ತಿದ್ದರು, ಮಾತಾಡುತ್ತಿದ್ದರು. ಆದರೆ ಬೇಯುವುದು, ಮಾಗುವುದು, ಅರಳುವುದು, ವಾಸಿಯಾಗುವುದು ಎಲ್ಲವೂ ನಿಂತವು. ಒಲೆಯ ಮೇಲಿನ ಅಕ್ಕಿ ಅಕ್ಕಿಯಾಗಿಯೇ ಉಳಿಯಿತು. ಹಣ್ಣು ತಿಂದರೂ ಹಸಿವು ಹೋಗಲಿಲ್ಲ. ಮಲಗಿದವರಿಗೆ ನಿದ್ದೆ ಹತ್ತಲಿಲ್ಲ. ಹಕ್ಕಿಗಳು ಗೂಡಿಗೆ ಹೊರಟವು, ಗೂಡು ಸೇರಲಿಲ್ಲ. ಅದೇ ಕೆಂಪು ಆಕಾಶದಲ್ಲಿ ಸುತ್ತುತ್ತಲೇ ಇದ್ದವು. ಅರಮನೆಯಲ್ಲಿ ರಾಣಿಗೆ ಅದೇ ಹೊತ್ತಿಗೆ ಹೆರಿಗೆ ನೋವು ಶುರುವಾಗಿತ್ತು. ನೋವು ಬಂದಿತು, ಹೋಗಲಿಲ್ಲ. ಮಗು ಹುಟ್ಟಲೂ ಇಲ್ಲ.

ರಾಜ ಸೈನ್ಯ ಕಳಿಸಿದ. ಬೆಟ್ಟದ ಕಣಿವೆಯಲ್ಲಿ ಶರಭವೊಂದು ದಾರಿಗೆ ಅಡ್ಡ ನಿಂತಿತ್ತು. ಸಿಂಹದ ಮುಖ, ಎಂಟು ಕಾಲು, ಮೈತುಂಬ ಉರಿಯುವ ಕೇಸರ. ಅದರ ಕೂಗಿಗೇ ಕುದುರೆಗಳು ಮಂಡಿಯೂರಿದವು. ಸೈನಿಕರು ಈಟಿಗಳನ್ನು ಬಿಟ್ಟು ಓಡಿಬಂದರು.

ಸುಗ್ಗಲೆ ಅರಮನೆಗೆ ಹೋದಳು. ರಾಣಿ ಮಂಚದ ಕಾಲನ್ನು ಹಿಡಿದು ಕೂತಿದ್ದಳು. ತುಟಿ ಕಚ್ಚಿ ಕಚ್ಚಿ ಗಾಯವಾಗಿತ್ತು, ಗಾಯದಲ್ಲಿ ಒಂದು ಹನಿ ರಕ್ತ ನಿಂತಿತ್ತು, ಕೆಳಗೆ ಬೀಳುತ್ತಿರಲಿಲ್ಲ.

“ತಂಗೀ,” ಎಂದಳು ರಾಣಿ, “ನೋವಿಗೆ ನಾನು ಹೆದರುವವಳಲ್ಲ. ನೋವು ಎಲ್ಲಿಗಾದರೂ ಹೋಗಿ ಮುಟ್ಟಬೇಕಲ್ಲ. ಇದು ಎಲ್ಲಿಗೂ ಹೋಗುತ್ತಿಲ್ಲ.”

ಸುಗ್ಗಲೆ ರಾಜನ ಕಡೆ ತಿರುಗಿದಳು. “ಪ್ರಭು, ಗ್ರಂಥ ನಮ್ಮ ಮನೆಯದು. ನಾನು ಹೋಗುತ್ತೇನೆ.”

“ಸೈನ್ಯವೇ ಓಡಿಬಂದಿದೆಯಮ್ಮಾ.”

“ಸೈನ್ಯ ಅದನ್ನು ಕೊಲ್ಲಲು ಹೋಗಿತ್ತು. ಅದು ಶರಭ. ನಮ್ಮ ಅಂಗಳಕ್ಕೆ ಎಷ್ಟೋ ಸಲ ಬಂದು ಹೋಗಿದೆ. ಯಾಕೆ ಹಾಗೆ ನಿಂತಿದೆಯೆಂದು ಕೇಳಿಯಾದರೂ ಬರುತ್ತೇನೆ.”

ರಾಜ ತಡೆಯಲಿಲ್ಲ. ಅವನ ಬಳಿ ಬೇರೆ ದಾರಿಯೂ ಇರಲಿಲ್ಲ.

ಕೆಂಪು ಬೆಳಕಿನಲ್ಲಿ ಸುಗ್ಗಲೆ ನಡೆದಳು. ಅವಳ ನೆರಳು ಹಿಂದೆ ಉದ್ದಕ್ಕೆ ಬಿದ್ದಿತ್ತು, ಎಷ್ಟು ನಡೆದರೂ ಒಂದು ಕೂದಲೆಳೆಯಷ್ಟೂ ಬದಲಾಗಲಿಲ್ಲ. ಕಣಿವೆಯ ಬಾಯಲ್ಲಿ ಶರಭ ನಿಂತಿತ್ತು. ಮನೆಯ ಅಂಗಳದಲ್ಲಿ ಅದು ಆಕಳಿನಷ್ಟೇ ಎತ್ತರವಿರುತ್ತಿತ್ತು. ಇಲ್ಲಿ ಅದರ ಭುಜ ಮೋಡಕ್ಕೆ ತಾಗಿತ್ತು. ಒಂದು ಮುಂಗಾಲನ್ನು ಎತ್ತಿ ಹಿಡಿದಿತ್ತು, ಆ ಕಾಲು ನಡುಗುತ್ತಿತ್ತು. ಸುಗ್ಗಲೆ ಒಂದು ಬಂಡೆಯ ಮೇಲೆ ಕೂತು ಕೇಳಿದಳು.

“ಶರಭವೇ, ಯಾಕೆ ಹೀಗೆ ನಿಂತಿದ್ದೀಯೆ?”

“ನನ್ನ ಕತೆ ನಿಂತಿದೆ,” ಎಂದಿತು ಶರಭ. ಅದರ ಮಾತಿಗೆ ಕಣಿವೆಯ ಕಲ್ಲುಗಳು ಉರುಳಿದವು. “ಅವನು ನನ್ನನ್ನು ಓದಿ ಕರೆದ. ನಾನು ಮರಿಯನ್ನು ಹುಡುಕುತ್ತ ಬೆಟ್ಟ ಇಳಿದೆ. ಮರಿ ಕೂಗಿತು. ನಾನು ಕಾಲೆತ್ತಿದೆ. ಅಲ್ಲಿಗೇ ಓದು ನಿಲ್ಲಿಸಿ ಗರಿಯನ್ನು ಸುಟ್ಟುಬಿಟ್ಟ. ಕಾಲನ್ನು ಎಲ್ಲಿ ಊರಬೇಕೆಂದು ನನಗೆ ಗೊತ್ತಿಲ್ಲ. ಮರಿ ಬದುಕಿದೆಯೋ ಇಲ್ಲವೋ ಅದೂ ಗೊತ್ತಿಲ್ಲ. ಹತ್ತಿರ ಬಂದವರೆಲ್ಲ ಮರಿಯನ್ನು ಕದ್ದವರಂತೆ ಕಾಣುತ್ತಾರೆ.”

ಸುಗ್ಗಲೆಗೆ ಆ ಗರಿ ನೆನಪಿತ್ತು. ಅದಕ್ಕೆ ಮಸಿ ಹಚ್ಚಿದವಳು ಅವಳೇ. ಆದರೆ ಅದರಲ್ಲಿ ಒಂದು ತೊಡಕಿತ್ತು. ಆ ಕತೆಯನ್ನು ಎರಡು ಬಗೆಯಾಗಿ ಹೇಳುವುದುಂಟೆಂದು ಅಪ್ಪ ಬರೆದಿದ್ದ. ಒಂದರಲ್ಲಿ ಮರಿ ಸಿಗುತ್ತದೆ. ಇನ್ನೊಂದರಲ್ಲಿ ತಾಯಿ ತಲುಪುವಷ್ಟರಲ್ಲಿ ತಡವಾಗಿರುತ್ತದೆ. ಯಾವುದು ಸರಿಯೆಂದು ಅಪ್ಪ ಹೇಳಿರಲಿಲ್ಲ. ಕೇಳಿದ್ದರಲ್ಲಿ ಸರಿ ತಪ್ಪಿಲ್ಲ, ಹೇಳುವವರ ಹೊಣೆಯಿದೆ ಎಂದಷ್ಟೇ ಬರೆದಿದ್ದ.

ಅವಳು ನಡುಗುವ ಆ ಕಾಲನ್ನು ನೋಡಿದಳು. ಆಮೇಲೆ ಹೊಣೆ ಹೊತ್ತು ಹೇಳಿದಳು.

“ಶರಭ ಕಾಲೂರಿತು. ಎಡಗಡೆ ಎರಡು ಬಂಡೆಗಳ ಸಂದಿಯಿತ್ತು. ಅದರೊಳಗೆ ಮರಿ ಸಿಕ್ಕಿಕೊಂಡಿತ್ತು, ಹೆದರಿತ್ತು, ಬದುಕಿತ್ತು. ತಾಯಿ ಬಂಡೆಯನ್ನು ಸರಿಸಿತು. ಮರಿ ಹೊರಗೆ ಬಂದು ಹಾಲು ಕುಡಿಯಿತು.”

ಶರಭ ಕಾಲೂರಿತು. ಭೂಮಿ ಒಮ್ಮೆ ಅದುರಿತು. ಎಡಗಡೆಯ ಬಂಡೆ ಸರಿಯಿತು, ಸಂದಿಯಿಂದ ಎಂಟು ಕಾಲುಗಳನ್ನೂ ಒಂದಕ್ಕೊಂದು ತೊಡರಿಸಿಕೊಳ್ಳುತ್ತ ಒಂದು ಮರಿ ಹೊರಬಂದಿತು. ಶರಭ ಅದರ ತಲೆಯನ್ನು ನೆಕ್ಕಿ ಹಾಲು ಕುಡಿಸಿತು. ತಾಯಿಯ ಕೇಸರದ ಬೆಂಕಿ ಆರಿ, ಹೊಂಬಣ್ಣದ ಕೂದಲಾಯಿತು. ಮೋಡದೆತ್ತರದ ಮೈ ಇಳಿದು ಇಳಿದು ಆಕಳಿನಷ್ಟಾಯಿತು. ಅದು ಸುಗ್ಗಲೆಗೆ ತಲೆಬಾಗಿ, ಮರಿಯನ್ನು ಮುಂದೆ ಬಿಟ್ಟುಕೊಂಡು ಕಾಡಿನೊಳಗೆ ಹೋಯಿತು. ಕಣ್ಮರೆಯಾದ ಮೇಲೂ ಸುಗ್ಗಲೆ ಅಲ್ಲೇ ನಿಂತಿದ್ದಳು. ತಾನು ಬಾಯಲ್ಲಿ ಆಡಿದ್ದು ಹಾಲು ಕುಡಿದು ನಡೆದುಹೋದದ್ದನ್ನು ಅವಳು ಮೊದಲ ಸಲ ನೋಡಿದ್ದಳು.

ಕಣಿವೆಯ ಆಚೆ ಒಂದು ಹೊಳೆ. ಅದು ಹರಿಯುತ್ತಿರಲಿಲ್ಲ. ಕೇದಗೆಪುರದಲ್ಲಿ ಕಳೆಯದೆ ಉಳಿದ ಹೊತ್ತೆಲ್ಲ ಅಲ್ಲಿಗೆ ಬಂದು ತುಂಬಿಕೊಂಡಿತ್ತು. ನೀರಿನೊಳಗೆ ಆಗಬೇಕಾಗಿದ್ದ ಬೆಳಗುಗಳು, ಬೀಳಬೇಕಾಗಿದ್ದ ಇಬ್ಬನಿ, ಅರಳದ ಮೊಗ್ಗುಗಳು ತೇಲುತ್ತಿದ್ದವು. ಸೇತುವೆ ಇರಲಿಲ್ಲ. ಸುಗ್ಗಲೆ ಸೀರೆಯನ್ನು ಎತ್ತಿ ಕಟ್ಟಿ ನೀರಿಗಿಳಿದಳು.

ಮೊಣಕಾಲಿನಷ್ಟು ನೀರಿಗೆ ಬಂದಾಗ ಬಳೆಗಳು ಕೈಯಿಂದ ಜಾರಿದವು, ಕೈ ಚಿಕ್ಕದಾಗಿತ್ತು. ಸೊಂಟದಷ್ಟು ನೀರಿಗೆ ಬಂದಾಗ ಸೀರೆ ಹೋಗಿ ಲಂಗವಾಗಿತ್ತು. ಹೊಳೆಯ ನಡುವೆ ಒಂದು ಮರಳುದಿಬ್ಬವಿತ್ತು. ಅದನ್ನು ಹತ್ತುವ ಹೊತ್ತಿಗೆ ಅವಳು ಪುಟ್ಟ ಹುಡುಗಿಯಾಗಿದ್ದಳು. ದಿಬ್ಬದ ಮೇಲೆ ಒಲೆ ಹೂಡಿ, ಬಾಚಣಿಗೆ ಹಿಡಿದು ಅವಳ ಅವ್ವ ಕೂತಿದ್ದಳು.

“ಬಾ ಸುಗ್ಗೀ. ತಲೆ ನೋಡು ಹೇಗೆ ಗಂಟಾಗಿದೆ. ಬಾಚಿ ಮುಗಿಸುವಷ್ಟರಲ್ಲಿ ಅನ್ನವಾಗುತ್ತದೆ.”

ಅವ್ವನ ಬೆರಳು ತಲೆಗೆ ತಾಗಿತು. ಎಷ್ಟು ವರ್ಷಗಳಾಗಿದ್ದವೋ ಆ ಬೆರಳು ತಾಗಿ. ಅವ್ವನ ಸೆರಗಿನಲ್ಲಿ ಹರಳೆಣ್ಣೆಯ ವಾಸನೆಯಿತ್ತು. ಸುಗ್ಗಲೆ ಅವಳ ಮಡಿಲಿಗೆ ಒರಗಿದಳು. ತಾನು ಯಾಕೆ ಬಂದೆ, ಎಲ್ಲಿಗೆ ಹೊರಟಿದ್ದೆ, ಎಲ್ಲವೂ ಮರೆತುಹೋಯಿತು. ಅವ್ವ ಬಾಚಿದಳು. ಸಿಕ್ಕು ಬಿಡಿಸಿದಳು, ಬಿಡಿಸಿದ್ದು ಮತ್ತೆ ಸಿಕ್ಕಾಯಿತು. ಮತ್ತೆ ಬಾಚಿದಳು. ಒಲೆಯ ಮೇಲೆ ಅಕ್ಕಿ ಸುಮ್ಮನಿತ್ತು.

“ಅವ್ವ, ಅನ್ನ ಆಯ್ತಾ?”

“ಇನ್ನೇನು ಆಗುತ್ತದೆ ಮಗಾ.”

ಮತ್ತೆ ಬಾಚಿದಳು. ಮತ್ತೆ ಸಿಕ್ಕಾಯಿತು. ಸುಗ್ಗಲೆ ಮತ್ತೆ ಕೇಳಿದಳು, ಅವ್ವ ಮತ್ತೆ ಅದನ್ನೇ ಹೇಳಿದಳು. ಮೂರನೆಯ ಸಲ ಕೇಳಿದಾಗ ಅವ್ವನ ಕೈ ನಿಂತಿತು.

“ಆಗುವುದಿಲ್ಲ ಸುಗ್ಗೀ,” ಎಂದಳು ಅವ್ವ ಮೆಲ್ಲಗೆ. “ಇಲ್ಲಿ ಅನ್ನ ಆಗುವುದೇ ಇಲ್ಲ. ನಿನಗೆ ಉಣ್ಣಿಸಬೇಕೆಂದು ಕೂತಿದ್ದೇನೆ, ಉಣ್ಣಿಸಲು ಆಗುವುದಿಲ್ಲ. ನಿನಗೆ ಹೂ ಮುಡಿಸಬೇಕೆಂದಿದ್ದೇನೆ, ಜಡೆ ಮುಗಿಯುವುದಿಲ್ಲ. ನಾನು ಹೋದ ಮೇಲೆ ನಿನಗೆ ಯಾರು ಜಡೆ ಹಾಕಿದರು?”

“ಅಪ್ಪ ಹಾಕಿದ. ವಕ್ರವಕ್ರವಾಗಿ ಹಾಕುತ್ತಿದ್ದ. ಆಮೇಲೆ ನಾನೇ ಕಲಿತೆ.”

ಅವ್ವ ನಕ್ಕಳು, ಕಣ್ಣಲ್ಲಿ ನೀರು ಬಂತು. “ಕಲಿತೆಯಲ್ಲ, ಅದನ್ನು ನನಗೆ ತೋರಿಸು. ಎದ್ದು ಆ ದಡಕ್ಕೆ ನಡೆ. ದೊಡ್ಡವಳಾಗುತ್ತ ನಡೆ. ನಾನು ಇಲ್ಲಿಂದ ನೋಡುತ್ತೇನೆ.”

“ಅಲ್ಲಿ ನೀನಿರುವುದಿಲ್ಲವಲ್ಲ ಅವ್ವ.”

“ಇರುವುದಿಲ್ಲ. ನೀನಿರುತ್ತೀಯಲ್ಲ.”

ಸುಗ್ಗಲೆ ಎದ್ದಳು. ಎದ್ದದ್ದು ಅಷ್ಟು ಸುಲಭವಾಗಿರಲಿಲ್ಲ; ಅವ್ವನ ಸೆರಗಿನ ತುದಿಯನ್ನು ಬಿಡಲು ಬೆರಳುಗಳು ಕೇಳಲೇ ಇಲ್ಲ, ಒಂದೊಂದಾಗಿ ಬಿಡಿಸಬೇಕಾಯಿತು. ಅವಳು ನೀರಿಗಿಳಿದು ನಡೆದಳು. ಒಂದೊಂದು ಹೆಜ್ಜೆಗೂ ಒಂದೊಂದು ವರ್ಷ ಮೈಮೇಲೆ ಬಂದು ಕೂತಿತು. ಮೊದಲ ಅಕ್ಷರ ಬರೆದ ವರ್ಷ ಬಂತು, ಅವ್ವ ಸತ್ತ ವರ್ಷವೂ ಬಂತು. ಅದನ್ನು ದಾಟುವಾಗ ನೀರು ಕುತ್ತಿಗೆಯವರೆಗೆ ಏರಿತ್ತು. ಆಚೆ ದಡದಲ್ಲಿ ಅವಳು ಮೊದಲಿನ ಸುಗ್ಗಲೆಯಾಗಿ ನಿಂತು ತಿರುಗಿ ನೋಡಿದಳು. ಅವ್ವ ಹಣೆಗೆ ಕೈ ಅಡ್ಡ ಹಿಡಿದು, ಬಿಸಿಲಿಗೆ ಕಣ್ಣು ಕಿರಿದು ಮಾಡಿ ನೋಡುತ್ತಿದ್ದಳು. ನೋಡಿ ಮುಗಿದ ಮೇಲೆ ತಲೆಯಾಡಿಸಿದಳು. ಆಮೇಲೆ ದಿಬ್ಬ ಬರಿದಾಯಿತು.

ಸುಗ್ಗಲೆ ಬೆಟ್ಟ ಹತ್ತಿದಳು. ತುದಿಯಲ್ಲಿ ಕರಿಗಲ್ಲಿನ ಗೋಪುರ. ಅದಕ್ಕೆ ಬಾಗಿಲಿತ್ತು, ಅಗುಳಿ ಇರಲಿಲ್ಲ. ಒಳಗಿನಿಂದ ಆ ದನಿ ಬರುತ್ತಿತ್ತು. ಒಳಗೆ ಕಾಲಿಟ್ಟೊಡನೆ ಅವಳಿಗೆ ಕೇಳಿಸಿತು:

“ಆಗ ಸುಗ್ಗಲೆ ಒಳಗೆ ಕಾಲಿಟ್ಟಳು.”

ವಕ್ರಘೋಷ ಮಣೆಯ ಮೇಲೆ ಕೂತಿದ್ದ. ಮುಂದೆ ಬಾಳೆಲೆ, ಎಲೆಯ ಮೇಲೆ ಅನ್ನದ ರಾಶಿ, ಕೈಯಲ್ಲಿ ಗರಿಗಳು. ಅವನು ತಲೆಯೆತ್ತಲಿಲ್ಲ. ಕಾಲದ ಸಾಲನ್ನು ಓದುತ್ತ, ನಡುನಡುವೆ ಇನ್ನೊಂದು ಗರಿಯನ್ನೂ ಓದುತ್ತಿದ್ದ. ಅದು ಮೂರನೆಯ ಭಾಗದ ಖಾಲಿ ಗರಿ. ಅವನು ಆಡಿದೊಡನೆ ಅದರ ಮೇಲೆ ಅಕ್ಷರ ಮೂಡುತ್ತಿತ್ತು.

“ನನ್ನ ಅಪ್ಪನನ್ನು ಬಿಡು ಎಂದಳು ಸುಗ್ಗಲೆ,” ಎಂದು ಅವನು ಓದಿದ.

“ನನ್ನ ಅಪ್ಪನನ್ನು ಬಿಡು,” ಎಂದಳು ಸುಗ್ಗಲೆ. ಆಡಿದ ಮೇಲೆ ಬೆಚ್ಚಿದಳು. ಆ ಮಾತು ಬಾಯಿಗೆ ಬರುವ ಮೊದಲೇ ಗರಿಯ ಮೇಲಿತ್ತು.

“ಸುಗ್ಗಲೆ ತನ್ನ ಕೈಯನ್ನು ನೋಡಿಕೊಂಡಳು.”

ಅವಳು ನೋಡಿಕೊಂಡಳು. ಕೈಯ ಅಂಚು ಮಸಿಯ ಗೆರೆಯಂತೆ ತೆಳ್ಳಗಾಗಿತ್ತು. ಅದರ ಮೂಲಕ ನೆಲದ ಕಲ್ಲು ಕಾಣುತ್ತಿತ್ತು.

“ಶರಭಕ್ಕೆ ನೀನು ಕತೆ ಹೇಳಿದೆ,” ಎಂದು ಅವನು ಓದುವ ದನಿಯಲ್ಲೇ ಹೇಳಿದ. “ನಿನಗೆ ನಾನು ಹೇಳುತ್ತಿದ್ದೇನೆ. ನಿನ್ನ ಊರು, ನಿನ್ನ ಅವ್ವ, ನೀನು ಹತ್ತಿದ ಈ ಬೆಟ್ಟ, ಎಲ್ಲವೂ ಈ ಗರಿಯ ಮೇಲಿನ ಗೀರು. ಗರಿ ಮಗುಚಿದರೆ ನೀನಿಲ್ಲ. ಇರುವುದು ಯಾವುದೆಂದು ನಿನ್ನ ಅಪ್ಪ ಜೀವಮಾನವೆಲ್ಲ ಹುಡುಕಿದ. ನಾನು ಓದುವುದೇ ಇರುವುದು.”

ಸುಗ್ಗಲೆಗೆ ಎದುರಾಡಬೇಕೆನಿಸಿತು. ಆದರೆ ಎದುರಾಡುವ ಮಾತೂ ಗರಿಯ ಮೇಲೆ ಮೂಡುತ್ತಿರುವುದನ್ನು ಕಂಡಳು. ಅಳಬೇಕೆನಿಸಿತು, “ಸುಗ್ಗಲೆ ಅತ್ತಳು” ಎಂದು ಅವನು ಓದಿದ. ಮೊಣಕೈಯವರೆಗೂ ಕೈ ಗೆರೆಯಾಗಿತ್ತು. ಅವಳು ಬಾಯಿ ಮುಚ್ಚಿದಳು. ತನ್ನನ್ನು ನೋಡಿಕೊಳ್ಳುವುದನ್ನು ಬಿಟ್ಟು ಅವನನ್ನು ನೋಡಿದಳು.

ಅವನ ಕೆನ್ನೆ ಒಳಗೆ ಸೇದಿಹೋಗಿತ್ತು. ತುಟಿಯ ಅಂಚು ಒಡೆದಿತ್ತು. ಓದುತ್ತ ಓದುತ್ತ ಅವನ ಮೂಗು ಒಮ್ಮೊಮ್ಮೆ ಎಲೆಯ ಕಡೆ ತಿರುಗುತ್ತಿತ್ತು. ಎಲೆಯ ಮೇಲಿನ ಅನ್ನದಿಂದ ಹಬೆ ಎದ್ದಿತ್ತು, ಎದ್ದಲ್ಲೇ ನಿಂತಿತ್ತು, ವಾಸನೆ ಬರುತ್ತಿರಲಿಲ್ಲ. ಅವನು ಒಂದು ಅಗುಳನ್ನೂ ಮುಟ್ಟಿರಲಿಲ್ಲ. ಮುಟ್ಟಿದರೆ ಓದು ತಪ್ಪುತ್ತಿತ್ತು.

ಅವಳಿಗೆ ಅಪ್ಪ ನೆನಪಾಗಲಿಲ್ಲ, ಗ್ರಂಥ ನೆನಪಾಗಲಿಲ್ಲ. ಎದುರಿಗೆ ಕೂತಿದ್ದವನ ಸ್ಥಿತಿ ಕಂಡಿತು. ಕಂಡದ್ದನ್ನು ಕೇಳಿದಳು.

“ನಿಮಗೆ ಹಸಿವಾಗಿದೆಯೇ?”

ಗರಿಯ ಮೇಲೆ ಏನೂ ಮೂಡಲಿಲ್ಲ. ಎಷ್ಟೋ ತಲೆಮಾರುಗಳಿಂದ ಯಾರೂ ಅವನನ್ನು ಹಾಗೆ ಕೇಳಿರಲಿಲ್ಲ. ಬೇಡಿಕೊಂಡಿದ್ದರು, ಶಪಿಸಿದ್ದರು, ಓಡಿಹೋಗಿದ್ದರು. ವಕ್ರಘೋಷ ಗರಿಯಿಂದ ಕಣ್ಣೆತ್ತಿದ. ಅವಳ ಮುಖವನ್ನು ನೋಡಿದ.

“ಹೂಂ,” ಎಂದ. “ಆಗಿದೆ.”

ಓದು ನಿಂತಿತು.

ಒಂದು ಕ್ಷಣ ಜಗತ್ತಿನಲ್ಲಿ ಯಾವ ಸದ್ದೂ ಇರಲಿಲ್ಲ. ಆಮೇಲೆ ಎಲೆಯ ಮೇಲಿನ ಹಬೆ ಅಲುಗಿ ಮೇಲೆದ್ದಿತು, ಅನ್ನದ ವಾಸನೆ ಗೋಪುರವನ್ನೆಲ್ಲ ತುಂಬಿತು. ಕೆಳಗೆ ಹೊಳೆ ಗುಡುಗಿದಂತೆ ಹರಿಯಿತು. ಸುಗ್ಗಲೆಯ ಕೈ ತುಂಬಿಕೊಂಡಿತು, ಬಿಸಿಯಾಯಿತು. ವಕ್ರಘೋಷನ ಕೂದಲು ನೋಡನೋಡುತ್ತಿದ್ದಂತೆ ಬೆಳ್ಳಗಾಗಿ ಹೆಗಲ ಮೇಲೆ ಇಳಿಯಿತು, ಬೆನ್ನು ಬಾಗಿತು. ಅವನು ಮತ್ತೆ ಓದಲು ಗರಿಗಳನ್ನು ಎತ್ತಿ ಹಿಡಿಯಹೋದ, ಕೈಗೆ ಬಲವಿರಲಿಲ್ಲ. ಅವು ನೆಲಕ್ಕೆ ಬಿದ್ದವು.

ಸುಗ್ಗಲೆ ಗರಿಗಳನ್ನು ಎತ್ತಿಕೊಳ್ಳಲಿಲ್ಲ. ಮೊದಲು ಎಲೆಯನ್ನು ಅವನ ಹತ್ತಿರಕ್ಕೆ ಸರಿಸಿದಳು. ಅವನು ಒಂದು ತುತ್ತು ತಿಂದ. ಇನ್ನೊಂದು ತಿಂದ. ಎಲೆ ಬರಿದಾಗುವ ತನಕ ನಿಧಾನಕ್ಕೆ ತಿಂದ.

“ಇದರ ರುಚಿ ಮರೆತಿದ್ದೆ ಕಣಮ್ಮಾ,” ಎಂದ. “ಸಾವಿಗೆ ಹೆದರಿ ಇದನ್ನೂ ಬಿಟ್ಟುಬಿಟ್ಟಿದ್ದೆ.”

ಆಮೇಲೆ ಗೋಡೆಗೆ ಒರಗಿ ಕಣ್ಣು ಮುಚ್ಚಿದ. ಬಹಳ ಕಾಲ ಬದುಕಿದವರು ಹೇಗೆ ಹೋಗುತ್ತಾರೋ ಹಾಗೆ ಹೋದ. ಕರಿಗಲ್ಲಿನ ಗೋಪುರ ಕಲ್ಲು ಕಲ್ಲಾಗಿ ಬಿಡಿಸಿಕೊಂಡು ಬೆಟ್ಟದೊಳಗೆ ಸೇರಿಹೋಯಿತು. ಸುಗ್ಗಲೆ ಅವನ ಮೇಲೆ ಮಣ್ಣು ಹಾಕಿ, ಗರಿಗಳನ್ನು ಸೆರಗಿನಲ್ಲಿ ಕಟ್ಟಿಕೊಂಡು ಬೆಟ್ಟ ಇಳಿದು, ಹರಿದು ತಗ್ಗಿದ್ದ ಹೊಳೆಯನ್ನು ದಾಟಿದಳು.

ಕೇದಗೆಪುರದ ಜನ ಮನೆಗಳಿಂದ ಹೊರಗೆ ಬಂದು ಪಡುವಣಕ್ಕೆ ಮುಖ ಮಾಡಿ ನಿಂತಿದ್ದರು. ದಿನವೂ ಮುಳುಗುತ್ತಿದ್ದ ಸೂರ್ಯನನ್ನು ಅವರು ಎಂದೂ ನಿಂತು ನೋಡಿದವರಲ್ಲ. ಈಗ ಅವನು ಬೆಟ್ಟಕ್ಕೆ ತಾಗುವುದನ್ನು, ಅರ್ಧವಾಗುವುದನ್ನು, ಒಂದು ಕೆಂಪು ಗೆರೆಯಾಗುವುದನ್ನು ಉಸಿರು ಬಿಗಿಹಿಡಿದು ನೋಡಿದರು. ಗೆರೆಯೂ ಹೋಯಿತು. ಮೊದಲ ನಕ್ಷತ್ರ ಬಂತು. ಹಕ್ಕಿಗಳು ಗೂಡಿಗಿಳಿದವು. ಮನೆಮನೆಯಲ್ಲೂ ಅನ್ನ ಉಕ್ಕುವ ಸದ್ದು ಕೇಳಿತು. ಆ ಸದ್ದಿನ ನಡುವೆ ಅರಮನೆಯ ಒಳಗಿನಿಂದ ಒಂದು ಮಗು ಅತ್ತಿತು.

ರಾಜ ಧವಳಾಂಗ ಮೆಟ್ಟಿಲ ಮೇಲೆ ಕೂತಿದ್ದವನು ಹಾಗೆಯೇ ಕೈಗಳಲ್ಲಿ ಮುಖ ಮುಚ್ಚಿಕೊಂಡ. ಸೂಲಗಿತ್ತಿ ಬಂದು, ಹೆಣ್ಣುಮಗು, ತಾಯಿ ಮಗು ಇಬ್ಬರೂ ಚೆನ್ನಾಗಿದ್ದಾರೆ, ರಾಣಿ ನಿದ್ದೆ ಹೋಗಿದ್ದಾರೆ ಎಂದಳು.

ಬೋಪದೇವನ ಮನೆಯಲ್ಲಿ ಗೋಡೆ ಬರಿದಾಗಿತ್ತು. ಅವನು ಮೈಮೇಲಿನ ಸುಣ್ಣದ ಪುಡಿಯನ್ನು ಕೊಡವಿಕೊಳ್ಳುತ್ತ ಬಾಗಿಲಲ್ಲೇ ನಿಂತಿದ್ದ. ಮಗಳನ್ನು ಕಂಡು ಅವಳ ತಲೆಯ ಮೇಲೆ ಕೈಯಿಟ್ಟ. ಅವಳು ಎಲ್ಲವನ್ನೂ ಹೇಳಿದಳು. ಅವ್ವನ ಮಾತು ಬಂದಾಗ ಬೋಪದೇವ ಮಗಳ ಜಡೆಯನ್ನು ಮುಟ್ಟಿ ನೋಡಿದ. ಗೋಪುರದ ಮಾತು ಬಂದಾಗ ಬೋಪದೇವ ತಟ್ಟನೆ ಕಂಟವನ್ನೂ ಒಂದು ಗರಿಯನ್ನೂ ಕೈಗೆತ್ತಿಕೊಂಡ.

“ನೀನು ಹಾಗೆ ಕೇಳಿದಾಗ ಅವನ ಮುಖ ಹೇಗಿತ್ತು? ನಿಧಾನಕ್ಕೆ ಹೇಳು. ಬರೆದುಕೊಳ್ಳುತ್ತೇನೆ.”

“ಆಮೇಲೆ ಬರೆಯುವಿಯಂತೆ ಅಪ್ಪ. ಅನ್ನ ಆಗಿದೆ.”

ಬೋಪದೇವ ಮಗಳ ಮುಖ ನೋಡಿದ. ಅವನ ಮುಖದಲ್ಲಿ ನಗು ಮೂಡಿತು. ಕಂಟವನ್ನು ಕೆಳಗಿಟ್ಟು, ಕೈತೊಳೆದು ಎಲೆಯ ಮುಂದೆ ಕೂತ.

ಮುಂದೆ ಅರಸುಮಗಳು ಬೆಳೆದು ದೊಡ್ಡವಳಾದಳು, ಸುಗ್ಗಲೆಯ ಬಳಿ ಅಕ್ಷರ ಕಲಿತಳು. ಕಥಾಕಾಲತತ್ತ್ವದ ಮೊದಲ ಎರಡು ಭಾಗಗಳನ್ನು ಹಬ್ಬದ ದಿನ ಅರಮನೆಯಲ್ಲಿ ಓದುತ್ತಿದ್ದರು. ಮೂರನೆಯದರ ಸರದಿ ಬಂದಾಗ ಓದುವವರು ಖಾಲಿ ಗರಿಯನ್ನು ಕೆಳಗಿಟ್ಟು, ಪಕ್ಕದಲ್ಲಿ ಕೂತವರನ್ನು ಊಟವಾಯಿತೇ ಎಂದು ಕೇಳುವುದು ಆ ಊರಿನ ವಾಡಿಕೆಯಾಯಿತು. ಕೇಳಿದವರೂ ಹೇಳಿದವರೂ ಕೇದಗೆಪುರದಲ್ಲಿ ಬಹುಕಾಲ ಸುಖವಾಗಿ ಬಾಳಿದರು. ಅವರ ಹೊತ್ತು ಅವರಿಗೆ ಹಿತವಾಗಿ ಕಳೆಯಿತು, ನಮ್ಮ ಹೊತ್ತು ಇಲ್ಲಿ ನಡೆಯುತ್ತಿದೆ.